ಒಂದು ರಾತ್ರಿ ದನ ಕಾಯೋದಕ್ಕೆ 6,500 ರೂಪಾಯಿ

ಏಳನೇ ಕ್ಲಾಸಿನಲ್ಲಿ ನಾನು ಲೆಕ್ಕಕ್ಕೆ 11 ಮಾರ್ಕು ತೆಗೆದಾಗ ಮೇಷ್ಟ್ರು ನನ್ನ ಪೇಪರನ್ನು ಇಡೀ ಕ್ಲಾಸಿಗೆ ಎತ್ತಿ ತೋರಿಸಿ, "ನೀನು ದನ ಕಾಯೋಕೇ ಲಾಯಕ್ಕು ಕಣೋ" ಅಂದಿದ್ದರು. ಈ ಮಾತು ಕೇಳದೆ ಸ್ಕೂಲು ಮುಗಿಸಿದ ಹುಡುಗ ನಮ್ಮ ಕಡೆ ಸಿಗೋದು ಕಷ್ಟ. ನಾನು ಅವತ್ತು ಅಳುತ್ತಾ ಮನೆಗೆ ಬಂದಿದ್ದೆ. ಈಗ ಅನಿಸುತ್ತದೆ, ಅಳಬಾರದಿತ್ತು. ಅವರು ಬೈದಿದ್ದಲ್ಲ, ದಾರಿ ತೋರಿಸಿದ್ದು. ಪಾಪ, ಆ ಮಾತಿಗೆ ಇಂಗ್ಲಿಷಿನಲ್ಲಿ ಏನಂತಾರೆ ಅನ್ನೋದು ಮಾತ್ರ ಅವರಿಗೆ ಗೊತ್ತಿರಲಿಲ್ಲ.

ನನಗೂ ಗೊತ್ತಾಗಿದ್ದು ಮೊನ್ನೆ ಮೊನ್ನೆ. ನಮ್ಮ ಸೋದರತ್ತೆಯ ಮಗ, ಅಂದ್ರೆ ಭಾವ, ತೀರ್ಥಹಳ್ಳಿಯಿಂದ ಆಗುಂಬೆಗೆ ಹೋಗೋ ರಸ್ತೆಯಲ್ಲಿ ಎಡಕ್ಕೆ ತಿರುಗಿ ಎರಡು ಕಿಲೋಮೀಟರ್ ಮಣ್ಣು ರಸ್ತೆ ಹೋದರೆ ಸಿಗೋ ತನ್ನ ಮನೆಯಲ್ಲಿ ಹೋಂಸ್ಟೇ ಮಾಡಿದ್ದಾನೆ. ಅಡಿಕೆಗೆ ಎಲೆಚುಕ್ಕಿ ರೋಗ ಬಂದ ಮೇಲೆ ಎಲ್ಲರೂ ಏನಾದರೊಂದು ಮಾಡಲೇಬೇಕಲ್ಲ. ಬೆಂಗಳೂರಿನ ಯಾರೋ ಹುಡುಗರು ಇಂಗ್ಲಿಷಿನಲ್ಲಿ ಜಾಹೀರಾತು ಬರೆದುಕೊಟ್ಟಿದ್ದರು. ಅದರಲ್ಲಿ ಬೇರೆಲ್ಲ ಅರ್ಥವಾಯಿತಂತೆ, ಒಂದು ಪದ ಮಾತ್ರ ಗಂಟಲಲ್ಲಿ ಸಿಕ್ಕಿಕೊಂಡಿತು. ಬ್ಯೂಕಾಲಿಕ್.

"ಏನೋ ಇದು, ಕಾಲಿಕ್ ಅಂತ ಇದೆ?" ಅಂತ ಫೋನ್ ಮಾಡಿದ. "ನಮ್ಮ ದನದ ಡಾಕ್ಟರು ಹೊಟ್ಟೆನೋವಿಗೆ ಇದೇ ಮಾತು ಹೇಳ್ತಿದ್ರು. ನಮ್ಮಲ್ಲಿ ಬಂದ್ರೆ ಹೊಟ್ಟೆನೋವು ಗ್ಯಾರಂಟಿ ಅಂತ ನಾವೇ ಬೋರ್ಡು ಹಾಕ್ಕೊಳ್ಳೋದಾ?"

ಹೊಟ್ಟೆನೋವಿಗೂ ಇದಕ್ಕೂ ಸಂಬಂಧವಿಲ್ಲ ಅಂತ ಡಿಕ್ಷನರಿ ತೆಗೆದು ನೋಡಿ ಹೇಳಿದೆ. ಹಳ್ಳಿಗಾಡಿನ, ಸರಳವಾದ, ನೆಮ್ಮದಿಯ, ಗೋವಳರ ಬದುಕಿನಂಥ ಅಂತೆಲ್ಲ ಅರ್ಥ ಕೊಟ್ಟಿದ್ದರು. ಮೂಲ ಗ್ರೀಕ್. ಅಲ್ಲಿ ಬೂಕೊಲೊಸ್ ಅಂದ್ರೆ ದನ ಕಾಯೋನು.

ಆ ಕಡೆಯಿಂದ ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ ಭಾವ ಕೇಳಿದ: "ಅಂದ್ರೆ, ನಮ್ಮದು ದನ ಕಾಯೋರ ಮನೆ ಅಂತ ಬರೆದಿದಾರಾ?"

"ಹೌದು. ಆದ್ರೆ ಇಂಗ್ಲಿಷಲ್ಲಿ ಬರೆದಿದಾರೆ."

"ಹೋ, ಹಾಗಾದ್ರೆ ಇರ್ಲಿ ಬಿಡು."

ಈ ಪದದ ಹಿಂದೆ ಹೋದರೆ ಮಜಾ ಇದೆ. ಗ್ರೀಕಿನಲ್ಲಿ ಬೂಸ್ ಅಂದ್ರೆ ದನ. ಭಾಷಾಶಾಸ್ತ್ರದವರು ಹೇಳೋ ಪ್ರಕಾರ ಆ ಬೂಸ್ ಮತ್ತು ಸಂಸ್ಕೃತದ ಗೋ ಎರಡೂ ಒಂದೇ ಬೇರಿನ ಪದಗಳು. ಇಂಗ್ಲಿಷಿನ ಕೌ ಕೂಡ ಅದೇ ಕೊಟ್ಟಿಗೆಯದು. ಬಟರ್ ಅನ್ನೋ ಪದವೂ ಗ್ರೀಕಿನ ದನದ ಗಿಣ್ಣಿನಿಂದ, ಅಂದ್ರೆ ಚೀಸಿನಿಂದ ಬಂದಿದ್ದಂತೆ. ಹಾಗಾಗಿ ಬ್ಯೂಕಾಲಿಕ್ ಅಂತ ನಾಲಿಗೆ ಹೊರಳಿಸಿ ಹೇಳೋರು ತಮಗೇ ಗೊತ್ತಿಲ್ಲದೆ ನಮ್ಮ ಗೋವಳನ ದೂರದ ನೆಂಟನನ್ನು ಕರೆಯುತ್ತಿರುತ್ತಾರೆ. ಗೋವಳ ಅಂತ ಬೋರ್ಡು ಹಾಕಿದ್ದರೆ ಮಾತ್ರ ಒಂದು ರಾತ್ರಿಗೆ 800 ರೂಪಾಯಿ ಮೇಲೆ ಯಾರೂ ಕೊಡ್ತಿರಲಿಲ್ಲ. ಬ್ಯೂಕಾಲಿಕ್ ಅಂದಿದ್ದಕ್ಕೆ 6,500. ಊಟ ಬೇರೆ.

ಇಂಗ್ಲಿಷಿನಲ್ಲಿ ಬಡತನಕ್ಕೆ ನಾಲ್ಕೈದು ಪದ ಇದ್ದರೆ ಶ್ರೀಮಂತರು ಆಡೋ ಬಡತನಕ್ಕೆ ನಲವತ್ತು ಪದ ಇವೆ. ರಸ್ಟಿಕ್ ಅನ್ನೋದು ಲ್ಯಾಟಿನ್ನಿನ ಹಳ್ಳಿಗಾಡು ಅನ್ನೋ ಪದದಿಂದ ಬಂದಿದ್ದು, ಅದರಲ್ಲಿ ಸ್ವಲ್ಪ ಒರಟುತನವೂ ಸೇರಿದೆ. ಕುರ್ಚಿಗೆ ಪಾಲಿಶ್ ಹಾಕೋಕೆ ಸೋಮಾರಿತನವಾದರೆ ರಸ್ಟಿಕ್ ಅನ್ನಬಹುದು. ಪಾಸ್ಟೋರಲ್ ಕುರಿ ಕಾಯೋರದು. ನಮ್ಮ ಮಳೆಗೆ ಕುರಿ ಒಗ್ಗೋದಿಲ್ಲ, ಹಾಗಾಗಿ ಅದು ಚಿತ್ರದುರ್ಗದ ಕಡೆಯವರಿಗೆ ಇರಲಿ. ಐಡಿಲಿಕ್ ಅನ್ನೋದಕ್ಕೆ ಮೂಲದಲ್ಲಿ ಪುಟ್ಟ ಚಿತ್ರ ಅಂತ ಅರ್ಥವಂತೆ. ಮೊಬೈಲ್ ಹುಟ್ಟೋ ಎರಡು ಸಾವಿರ ವರ್ಷ ಮುಂಚೆಯೇ ಗ್ರೀಕರಿಗೆ ಇನ್‌ಸ್ಟಾಗ್ರಾಂ ಹೊಳೆದಿತ್ತು ನೋಡಿ. ಬ್ಯೂಕಾಲಿಕ್ ಇವೆಲ್ಲಕ್ಕಿಂತ ಒಂದು ಕೈ ಮೇಲೆ, ಯಾಕಂದ್ರೆ ಜಾಸ್ತಿ ಜನಕ್ಕೆ ಗೊತ್ತಿಲ್ಲ. ಅದನ್ನು ಊರಿಗೆ, ನೋಟಕ್ಕೆ, ಬದುಕಿಗೆ ಹೇಳುತ್ತಾರೆ. ಬ್ಯೂಕಾಲಿಕ್ ದೃಶ್ಯ ಅನ್ನಬಹುದು, ಬ್ಯೂಕಾಲಿಕ್ ಜೀವನ ಅನ್ನಬಹುದು. ಭಾವನ ಮೆನು ಕಾರ್ಡಿನಲ್ಲಿದ್ದ ಹಾಗೆ ಬ್ಯೂಕಾಲಿಕ್ ಕೋಳಿ ಸಾರು ಅನ್ನೋದಕ್ಕಾಗುವುದಿಲ್ಲ. ಕೋಳಿಗೆ ದನ ಕಾದು ಅಭ್ಯಾಸವಿಲ್ಲ.

ಇನ್ನೊಂದು ವಿಷಯ ಗೊತ್ತಾ, ಈ ಪದ ಹುಟ್ಟಿದಾಗಿನಿಂದಲೂ ಪಟ್ಟಣದವರದ್ದೇ. ಕ್ರಿಸ್ತಪೂರ್ವ ಮೂರನೇ ಶತಮಾನದಲ್ಲಿ ಥಿಯಾಕ್ರಿಟಸ್ ಅನ್ನೋ ಕವಿ ದನಗಾಹಿಗಳ ಹಾಡು ಕಟ್ಟಿದ. ಕೇಳಿ ತಲೆದೂಗಿದವರು ದನಗಾಹಿಗಳಲ್ಲ, ಅಲೆಕ್ಸಾಂಡ್ರಿಯಾದಂಥ ದೊಡ್ಡ ಪಟ್ಟಣದ ಓದಿದ ಜನ. ಅವನ ದಾರಿಯಲ್ಲೇ ರೋಮಿನ ವರ್ಜಿಲ್ ಬರೆದ. ಅವನ ಆ ಪದ್ಯಗಳ ಕಟ್ಟಿಗೆ ಬ್ಯೂಕಾಲಿಕ್ಸ್ ಅನ್ನೋ ಹೆಸರೇ ಇದೆ. ಆದ್ರೆ ವರ್ಜಿಲ್ ಕಳ್ಳನಲ್ಲ. ಮೊದಲ ಪದ್ಯದಲ್ಲೇ ಇಬ್ಬರು ಸಿಗುತ್ತಾರೆ. ಒಬ್ಬ ಮರದ ನೆರಳಲ್ಲಿ ಮಲಗಿ ಕೊಳಲೂದುತ್ತಿದ್ದಾನೆ. ಇನ್ನೊಬ್ಬನ ಜಮೀನನ್ನು ಸಿಪಾಯಿಗಳಿಗೆ ಕೊಟ್ಟಾಗಿದೆ, ಅವನು ಆಡು ಹೊಡೆದುಕೊಂಡು ಊರು ಬಿಡುತ್ತಿದ್ದಾನೆ. ಎರಡು ಸಾವಿರ ವರ್ಷದಿಂದ ಜಾಹೀರಾತು ಬರೆಯೋರು ಆ ಎರಡನೆಯವನನ್ನು ಬಿಟ್ಟು ಮರ, ನೆರಳು, ಕೊಳಲು ಅಷ್ಟನ್ನೇ ಇಟ್ಟುಕೊಂಡಿದ್ದಾರೆ.

ನಮ್ಮಲ್ಲೂ ಹಾಗೇ. ನೂರು ದನಕ್ಕೆ 30 ಎಕರೆ ಗೋಮಾಳ ಬಿಡಬೇಕು ಅಂತ ಕರ್ನಾಟಕದ ಕಂದಾಯ ನಿಯಮ ಹೇಳುತ್ತದೆ. ಅದು ಕಾಗದದ ಮಾತು. ಭಾವನ ಊರಿನ ಗೋಮಾಳಕ್ಕೆ ಹೋದರೆ ಒಂದು ಕಡೆ ಅಕೇಶಿಯಾ ನೆಡುತೋಪು, ಇನ್ನೊಂದು ಕಡೆ ತಂತಿ ಬೇಲಿ ಹಾಕಿದ ಹೊಸ ಅಡಿಕೆ ತೋಟ, ನಡುವೆ ಉಳಿದಿರೋ ಒಂದು ಹಸಿರು ತೇಪೆ. ಆ ತೇಪೆಯ ಫೋಟೋವೇ ಜಾಹೀರಾತಿನಲ್ಲಿ ಇರೋದು. ಕೆಳಗೆ ಬ್ಯೂಕಾಲಿಕ್ ವ್ಯೂ ಅಂತ ಬರೆದಿದ್ದಾರೆ. ದನಕ್ಕೆ ಮೇಯೋದಕ್ಕೆ ಸಾಲದಿದ್ದರೂ ಕ್ಯಾಮೆರಾಕ್ಕೆ ಸಾಕಾಗುತ್ತದೆ.

ದೀಪಾವಳಿ ಮುಗಿದ ವಾರ ನಾನು ಅಲ್ಲಿಗೆ ಹೋಗಿದ್ದೆ. ಅಂಗಳಕ್ಕೆ ಕಾಲಿಟ್ಟು ಅಭ್ಯಾಸಬಲದಿಂದ ಬಲಗಡೆ ಕೊಟ್ಟಿಗೆ ನೋಡಿದರೆ ಕೊಟ್ಟಿಗೆ ಇಲ್ಲ, ಹೆರಿಟೇಜ್ ಸೂಟ್ ಇದೆ. ಮೊದಲಿದ್ದಿದ್ದು ಜಂಬಿಟ್ಟಿಗೆ ಕಲ್ಲಿಗೆ ಮಣ್ಣು ಮೆತ್ತಿದ ಗೋಡೆ. ಅದನ್ನು ಜೆಸಿಬಿ ತಂದು ಕೆಡವಿದರು. ಆಮೇಲೆ ಸಿಮೆಂಟ್ ಗೋಡೆ ಕಟ್ಟಿ, ಅದರ ಮೇಲೆ ಮಣ್ಣಿನ ಗೋಡೆ ಹಾಗೆ ಕಾಣೋ ಪೇಂಟು ಹೊಡೆಸಿದ್ದಾರೆ. ಚದರಡಿ ಲೆಕ್ಕದಲ್ಲಿ ದುಡ್ಡು ಕೊಟ್ಟು. "ಇದೇನೋ ಭಾವ, ಮಣ್ಣು ತೆಗೆಸಿ ಮಣ್ಣಿನ ಬಣ್ಣ?" ಅಂದ್ರೆ, "ನಿಜವಾದ ಮಣ್ಣಾದ್ರೆ ಗೆಸ್ಟ್ ಬಟ್ಟೆಗೆ ಅಂಟುತ್ತೆ" ಅಂದ.

ಇದರಲ್ಲಿ ಅವನು ಒಬ್ಬಂಟಿ ಅಲ್ಲ, ದೊಡ್ಡ ವಂಶವೇ ಇದೆ. ಫ್ರಾನ್ಸಿನ ರಾಣಿ ಮೇರಿ ಆಂಟನೆಟ್ 1783ರಲ್ಲಿ ವರ್ಸೈ ಅರಮನೆಯ ತೋಟದಲ್ಲಿ ತನಗೇ ಅಂತ ಒಂದು ಹಳ್ಳಿ ಕಟ್ಟಿಸೋಕೆ ಶುರು ಮಾಡಿದಳು. ಕೆರೆ, ಗಿರಣಿ, ಹಾಲಿನ ಮನೆ, ದನ ಎಲ್ಲ ಇದ್ದವು. ಹೊರಗಿನಿಂದ ನೋಡಿದರೆ ಬಡವರ ಮನೆ, ಒಳಗೆ ರಾಣಿಗೆ ಬೇಕಾದ ಎಲ್ಲ ಸೌಕರ್ಯ. ಹೊಚ್ಚ ಹೊಸ ಗೋಡೆಗಳು ಹಳೆಯವು ಅನಿಸಬೇಕು ಅಂತ ಬಿರುಕಿನ ಚಿತ್ರ ಬರೆಸಿದ್ದಳು. ನನ್ನ ಪ್ರಕಾರ ಅದು ಜಗತ್ತಿನ ಮೊದಲ ಹೋಂಸ್ಟೇ. ಹತ್ತು ವರ್ಷದ ನಂತರ ನಿಜವಾದ ಬಡವರು ಅವಳಿಗೆ ಕೊಟ್ಟ ರಿವ್ಯೂ ಎಲ್ಲರಿಗೂ ಗೊತ್ತಿರೋದೇ.

ಭಾವನ ಸೂಟಿನ ಒಳಗಿನ ಸರಳತೆಗೂ ಖರ್ಚು ಜಾಸ್ತಿ ಆಗಿದೆ. ತಾಮ್ರದ ಹಂಡೆಯ ಹಿಂದೆ ಗೀಸರ್ ಬಚ್ಚಿಟ್ಟಿದ್ದಾರೆ. ದನ ಮುಸುರೆ ಕುಡಿಯುತ್ತಿದ್ದ ಕಲ್ಲಿನ ಬಾನಿಗೆ ತೂತು ಕೊರೆಸಿ, ಮೇಲೊಂದು ಹಿತ್ತಾಳೆ ನಲ್ಲಿ ಕೂರಿಸಿ ವಾಶ್ ಬೇಸಿನ್ ಮಾಡಿದ್ದಾರೆ. ಗೆಸ್ಟುಗಳು ಅದರಲ್ಲಿ ಹಲ್ಲುಜ್ಜಿ ಫೋಟೋ ಹಾಕಿಕೊಳ್ಳುತ್ತಾರೆ. ನಮ್ಮ ಅತ್ತೆ ಅದನ್ನು ನೋಡಿ, "ಮುಸುರೆ ಕುಡಿಯೋ ಬಾನಿಲಿ ಉಗುಳ್ತಾವಲ್ಲೋ" ಅಂತ ಮೊದಲ ವಾರ ಊಟ ಬಿಟ್ಟಿದ್ದರಂತೆ. ಮಳೆಗಾಲದಲ್ಲಿ ಮರ ಬಿದ್ದು ಮೂರು ದಿನ ಕರೆಂಟ್ ಹೋದರೆ ಅದು ಕ್ಯಾಂಡಲ್ ಲೈಟ್ ಡಿನ್ನರ್. ಟವರ್ ಸಿಗದಿದ್ದರೆ ಡಿಜಿಟಲ್ ಡಿಟಾಕ್ಸ್. ಹತ್ತು ವರ್ಷದಿಂದ ಊರಿನವರು ಟವರಿಗಾಗಿ ಅರ್ಜಿ ಹಾಕುತ್ತಾ ಬಂದಿದ್ದಾರೆ, ಈಗ ಬಂದುಬಿಟ್ಟರೆ ಏನು ಗತಿ ಅಂತ ಭಾವನಿಗೆ ಒಳಗೊಳಗೇ ದಿಗಿಲು. ಉಂಬಳ ಹತ್ತಿಸಿಕೊಳ್ಳೋದಕ್ಕೆ ಮಾತ್ರ ಇನ್ನೂ ಒಳ್ಳೆ ಇಂಗ್ಲಿಷ್ ಸಿಕ್ಕಿಲ್ಲ. ಹುಡುಕುತ್ತಿದ್ದಾರೆ.

ಆದ್ರೆ ಒಂದು ಕೊರತೆ ಉಳಿದಿತ್ತು. ದನ ಕಾಯೋರ ಮನೆಯಲ್ಲಿ ದನ ಇರಲಿಲ್ಲ.

ಮೊದಲು ಒಂಬತ್ತು ಇದ್ದವು, ಎಲ್ಲ ಮಲೆನಾಡು ಗಿಡ್ಡ. ನೋಡದವರಿಗೆ ಹೇಳುತ್ತೇನೆ, ಅವು ಸೊಂಟದೆತ್ತರಕ್ಕಿಂತ ಜಾಸ್ತಿ ಇರುವುದಿಲ್ಲ. ಹೊತ್ತಿಗೆ ಒಂದು ಲೀಟರ್ ಹಾಲು ಕೊಟ್ಟರೆ ದೊಡ್ಡದು. ಆದ್ರೆ ಸಾಕೋದಕ್ಕೆ ಖರ್ಚೂ ಇಲ್ಲ, ನಿಜ ಹೇಳಬೇಕಂದ್ರೆ ಕಾಯೋ ಕೆಲಸವೂ ಇಲ್ಲ. ಬೆಳಿಗ್ಗೆ ಹಗ್ಗ ಬಿಚ್ಚಿದರೆ ಸೊಪ್ಪಿನಬೆಟ್ಟ ಸುತ್ತಿ ಸಂಜೆ ತಾವೇ ಬಂದು ತಂತಮ್ಮ ಜಾಗದಲ್ಲಿ ನಿಲ್ಲುತ್ತವೆ. ನಮ್ಮ ಮೇಷ್ಟ್ರಿಗೆ ಇದೂ ಗೊತ್ತಿರಲಿಲ್ಲ. ಅತ್ತೆಗೆ ಮಂಡಿನೋವು ಬಂತು, ಸೊಪ್ಪು ತರೋದಕ್ಕೆ ಆಳು ಸಿಗಲಿಲ್ಲ, ಗೋಮಾಳಕ್ಕೆ ಬೇಲಿ ಬಿತ್ತು. ಒಂದೊಂದಾಗಿ ಹೋದವು. ಕಡೆಯದು ಕೆಂಪಿ. ಅದನ್ನು ಹೊಳೆಯಾಚೆ ನೆಂಟರ ಮನೆಗೆ ಕೊಟ್ಟರು. ಈಗ ಗೆಸ್ಟುಗಳಿಗೆ ಕೊಡೋ ಫಾರ್ಮ್ ಫ್ರೆಶ್ ಹಾಲು ತೀರ್ಥಹಳ್ಳಿಯಿಂದ ಪ್ಯಾಕೆಟ್ಟಿನಲ್ಲಿ ಬರುತ್ತದೆ. ಕತ್ತರಿಸಿ ಹಿತ್ತಾಳೆ ಚೊಂಬಿಗೆ ಹೊಯ್ಯುತ್ತಾರೆ.

ಬಂದವರು ದನ ಎಲ್ಲಿ ಅಂತ ಕೇಳೋದಕ್ಕೆ ಶುರು ಮಾಡಿದರು. ಕೇಳೋದು ನ್ಯಾಯವೇ ಅಲ್ವಾ, ಪದಕ್ಕೆ ದುಡ್ಡು ಕೊಟ್ಟಿದ್ದಾರೆ. ಭಾವ ಒಂದು ಉಪಾಯ ಮಾಡಿದ. ಶನಿವಾರ ಭಾನುವಾರ ಕೆಂಪಿಯನ್ನು ಬಾಡಿಗೆಗೆ ತರೋದು, ದಿನಕ್ಕೆ 300. ಜೊತೆಗೆ ಪಕ್ಕದ ಮನೆಯ ಅಜ್ಜನಿಗೆ 200 ಕೊಟ್ಟು ಕಂಬಳಿ ಕೊಪ್ಪೆ ಹಾಕಿಸಿ ನಿಲ್ಲಿಸೋದು. ನಾನು ಹೋಗಿದ್ದ ದಿನ ನೆತ್ತಿ ಸುಡೋ ಬಿಸಿಲು. ಅಜ್ಜ ಮಳೆಗೆ ಹೊದೆಯೋ ಕಂಬಳಿಯೊಳಗೆ ಬೆವರುತ್ತಾ ನಿಂತಿದ್ದರು. "ಅಜ್ಜ, ತೆಗೀಬಾರ್ದಾ?" ಅಂದೆ. "ತೆಗೆದ್ರೆ ಇನ್ನೂರು ಹೋಗ್ತದೆ ಮಾರಾಯ. ಐವತ್ತು ವರ್ಷ ದನ ಕಾದಾಗ ಒಬ್ರೂ ಮುಖ ನೋಡ್ಲಿಲ್ಲ, ಈಗ ನಗಿ ನಗಿ ಅಂತಾರೆ" ಅಂದರು. ಅಷ್ಟರಲ್ಲಿ ಒಬ್ಬ ಹುಡುಗಿ ಬಂದು ಅವರ ಕೈಗೆ ಕೋಲು ಕೊಟ್ಟು, ಬಲಕ್ಕೆ ಸ್ವಲ್ಪ ತಿರುಗಿ ಅಂಕಲ್ ಅಂದಳು.

ರಿವ್ಯೂಗಳನ್ನು ಭಾವನೇ ತೋರಿಸಿದ. ಕೋಳಿ ನಾಲ್ಕೂವರೆಗೇ ಕೂಗುತ್ತದೆ, ಮ್ಯಾನೇಜ್‌ಮೆಂಟ್ ಗಮನಿಸಬೇಕು ಅಂತ ಒಬ್ಬರು. ಜಾಗ ಚೆನ್ನಾಗಿದೆ, ಆದ್ರೆ ಸಗಣಿ ವಾಸನೆ ಇಲ್ಲದ್ದರಿಂದ ಅಷ್ಟು ನೈಜ ಅನಿಸಲಿಲ್ಲ ಅಂತ ಇನ್ನೊಬ್ಬರು. ಅದೇ ವಾರ ಮೂರನೆಯವರು ಸಗಣಿ ವಾಸನೆ ಬರುತ್ತಿದೆ ಅಂತ ಒಂದು ಸ್ಟಾರ್ ಕೊಟ್ಟು ಹೋಗಿದ್ದರು. ಎರಡೂ ಕಡೆಯವರಿಗೆ ಸಮಾಧಾನವಾಗೋ ಹಾಗೆ ಸಗಣಿ ವಾಸನೆಯ ಊದುಬತ್ತಿ ಸಿಗುತ್ತದಾ ಅಂತ ಭಾವ ನನ್ನನ್ನು ಗಂಭೀರವಾಗಿಯೇ ಕೇಳಿದ. ಬೇಡದಾಗ ಆರಿಸಬಹುದಲ್ಲ ಅನ್ನೋದು ಅವನ ಲೆಕ್ಕ.

ಅವತ್ತು ಸಂಜೆ ಆರು ಗಂಟೆ. ಫೋಟೋ ಎಲ್ಲ ಮುಗಿದಿತ್ತು. ಅಜ್ಜ ಕಂಬಳಿ ಮಡಚಿಟ್ಟು ಇನ್ನೂರು ಎಣಿಸಿಕೊಳ್ಳುತ್ತಿದ್ದರು. ಕೆಂಪಿಯನ್ನು ಕರೆದುಕೊಂಡು ಹೋಗೋ ಹುಡುಗ ಇನ್ನೂ ಬಂದಿರಲಿಲ್ಲ. ಅದು ಬೇಲಿಯ ಹತ್ತಿರ ಸ್ವಲ್ಪ ಹೊತ್ತು ನಿಂತಿತ್ತು, ಬೆಟ್ಟದ ಕಡೆ ಒಂದು ಸಲ ನೋಡಿತು, ಆಮೇಲೆ ಯಾರೂ ಹೊಡೆಯದೆ ಯಾರೂ ಕರೆಯದೆ ತನ್ನ ಪಾಡಿಗೆ ಅಂಗಳ ದಾಟಿ, ಎರಡು ಮೆಟ್ಟಿಲು ಹತ್ತಿ, ತೆರೆದಿದ್ದ ಗಾಜಿನ ಬಾಗಿಲಿನಿಂದ ಹೆರಿಟೇಜ್ ಸೂಟಿನ ಒಳಗೆ ಹೋಯಿತು. ಒಳಗಿದ್ದ ಗಂಡ ಹೆಂಡತಿ ಕಿರುಚಿಕೊಂಡು ಹೊರಗೆ ಓಡಿಬಂದರು. ನಾವು ಹೋಗಿ ನೋಡಿದರೆ ಕೆಂಪಿ ಎಡಗಡೆಯಿಂದ ಮೂರನೇ ಜಾಗದಲ್ಲಿ, ಅಂದ್ರೆ ಈಗ ಮಂಚ ಮತ್ತು ಬಾತ್‌ರೂಮಿನ ನಡುವೆ ಬರೋ ಜಾಗದಲ್ಲಿ, ವಾಶ್ ಬೇಸಿನ್ನಿಗೆ ಮೂತಿ ಇಟ್ಟು ಮುಸುರೆಗೆ ಕಾಯುತ್ತಾ ನಿಂತಿದೆ.

ಭಾವ ಹಗ್ಗ ಎಳೆದ. ಜಗ್ಗಲಿಲ್ಲ. ಗೆಸ್ಟು, "ಇದು ನಮ್ಮ ರೂಮು, ನಾವು ಬುಕ್ ಮಾಡಿದ್ದೀವಿ" ಅಂತ ಕೂಗುತ್ತಿದ್ದರು. ಅತ್ತೆ ಮಂಡಿ ಹಿಡಿದುಕೊಂಡು ನಿಧಾನ ಬಂದು ಬಾಗಿಲಲ್ಲಿ ನಿಂತರು. "ಅದು ನಿಮಗಿಂತ ಮುಂಚೆ ಮಾಡಿದ್ದು ಕಣಪ್ಪ" ಅಂದವರೇ ಒಳಗೆ ಹೋಗಿ, ಬಾನಿಯಲ್ಲಿದ್ದ ಟೂತ್‌ಪೇಸ್ಟು ಬ್ರಷ್ಷು ಎತ್ತಿ ಭಾವನ ಕೈಗೆ ಕೊಟ್ಟು, ತೂತಿಗೆ ಬಟ್ಟೆ ತುರುಕಿ, ಅಡುಗೆಮನೆಯಿಂದ ಅಕ್ಕಚ್ಚು ತಂದು ಹೊಯ್ದರು.

ಗಂಡ ಹೆಂಡತಿಗೆ ಭಾವ 6,500 ವಾಪಸ್ ಕೊಟ್ಟು ಅವತ್ತು ರಾತ್ರಿ ಜಗಲಿಯಲ್ಲಿ ಹಾಸಿಗೆ ಹಾಸಿಕೊಟ್ಟ. ಕೆಂಪಿ ಬೆಳಿಗ್ಗೆ ಎಂಟರವರೆಗೆ ಚೆಕ್‌ಔಟ್ ಮಾಡಲಿಲ್ಲ.