ಗೋಡೆಯ ಮೇಲೆ ಓಡಿದವನು ಕೀಟನ್ ಒಬ್ಬನೇ ಅಲ್ಲ

ಈಗಷ್ಟೇ ಯಾರೋ ಹಂಚಿಕೊಂಡ ಚಿಕ್ಕ ವಿಡಿಯೊವೊಂದನ್ನು ನೋಡಿ ತಲೆ ಬಿಸಿಯಾಗಿದೆ. ಮೂಕಿ ಚಿತ್ರಗಳ ಹಾಸ್ಯನಟ ಬಸ್ಟರ್ ಕೀಟನ್ 1920ರಲ್ಲಿ ಮಾಡಿದ ‘ದಿ ಸ್ಕೇರ್‌ಕ್ರೋ’ ಚಿತ್ರದ ತುಣುಕು ಅದು. ಸೂರಿಲ್ಲದ ಪಾಳು ಮನೆಯ ಇಟ್ಟಿಗೆ ಗೋಡೆಗಳ ನೆತ್ತಿಯ ಮೇಲೆ ಕೀಟನ್ ಸುತ್ತು ಹೊಡೆಯುತ್ತಾನೆ, ಹಿಂದೆಯೇ ನಾಯಿಯೊಂದು ಬೆನ್ನಟ್ಟುತ್ತದೆ. ಮೇಲೆ ಬರೆದಿರುವುದು: ‘ಕೀಟನ್ ಎಂಬ ಅದ್ಭುತ’. ಸರಿ ಸ್ವಾಮಿ, ಅದ್ಭುತವೇ. ಆದರೆ ಅದೇ ಗೋಡೆಯ ಮೇಲೆ ನಾಲ್ಕು ಕಾಲಿನಲ್ಲಿ ಓಡಿದವನಿಗೆ ಹೆಸರಿಲ್ಲವೇ?

ಅವನ ಹೆಸರು ಲ್ಯೂಕ್. ಆ ಕಾಲದ ನಟ ದಂಪತಿ ರಾಸ್ಕೋ ಆರ್ಬಕಲ್ ಮತ್ತು ಮಿಂಟಾ ಡರ್ಫಿ ಸಾಕಿದ್ದ ಪಿಟ್ ಬುಲ್ ಟೆರಿಯರ್. ಹಾಸ್ಯಚಿತ್ರ ತೆಗೆಯುತ್ತಿದ್ದ ಕೀಸ್ಟೋನ್ ಕಂಪನಿಯ ಕಾಲದಿಂದಲೇ ಕ್ಯಾಮೆರಾ ಮುಂದೆ ಪಳಗಿದ್ದ ಈತ, 1916ರ ‘ಫ್ಯಾಟಿ ಆ್ಯಂಡ್ ಮೇಬಲ್ ಅಡ್ರಿಫ್ಟ್’ನಲ್ಲಿ, ಮನೆಯೇ ಸಮುದ್ರಕ್ಕೆ ತೇಲಿಹೋದಾಗ ನೀರಿಗೆ ಬಿದ್ದು ಈಜಿ ಸಹಾಯ ತರಲು ಹೋಗುತ್ತಾನೆ. ‘ಸ್ಕೇರ್‌ಕ್ರೋ’ದಲ್ಲಿ ಕ್ರೀಮು ಮೆತ್ತಿದ ಅವನ ಮೂತಿ ಕಂಡು ಹುಚ್ಚುನಾಯಿಯೆಂದೇ ಭ್ರಮಿಸಿ ಕೀಟನ್ ಓಟ ಕೀಳುತ್ತಾನೆ. ಆಮೇಲೆ ಆ ಏಣಿಯ ದೃಶ್ಯವನ್ನು ಗಮನಿಸಿ: ಕೀಟನ್ ಹತ್ತಿದ ಏಣಿಯನ್ನು ಲ್ಯೂಕ್ ಕೂಡ ಮೆಟ್ಟಿಲು ಮೆಟ್ಟಿಲಾಗಿ ಹತ್ತುತ್ತಾನೆ. ಗೋಡೆಯ ಮೇಲೆ ಇಬ್ಬರೂ ಒಂದೇ ಚೌಕಟ್ಟಿನಲ್ಲಿ ಕಾಣುತ್ತಾರೆ. ನಾಯಿಯ ಕಾಲು ತಪ್ಪಿದರೂ, ಅದರ ವೇಗ ಕುಗ್ಗಿದರೂ ಆ ನಗೆ ಅಲ್ಲಿಗೇ ಸತ್ತಂತೆ.

‘ಪ್ರಾಣಿ ನಟಿಸುವುದಿಲ್ಲ, ತಿನಿಸಿನ ಆಸೆಗೆ ಓಡುತ್ತದೆ’ ಎಂದು ಗೆಳೆಯರೊಬ್ಬರು ವಾದಿಸುತ್ತಾರೆ. ಇರಬಹುದು. ಸಂಭಾವನೆಯ ಆಸೆಯಿಲ್ಲದೆ ಕ್ಯಾಮೆರಾ ಮುಂದೆ ಓಡಿದ ನಟನೊಬ್ಬನನ್ನು ಅವರು ನನಗೆ ತೋರಿಸಲಿ, ಆಗ ಈ ವಾದವನ್ನು ಗಂಭೀರವಾಗಿ ಪರಿಗಣಿಸುತ್ತೇನೆ. ಹೇಳಿಕೊಳ್ಳಲು ನಾಚಿಕೆಯೇ ಆದರೂ ಹೇಳುತ್ತೇನೆ, ನನಗೆ ನಾಯಿಯೆಂದರೆ ಜೀವಭಯ. ನಮ್ಮ ಬೀದಿಯಲ್ಲಿ ಒಂದು ಬೊಗಳಿದರೆ ಎದುರು ಬದಿಗೆ ದಾಟುವವನು ನಾನು. ಆದ್ದರಿಂದ ಇದು ಪ್ರಾಣಿಪ್ರೇಮದ ಮಾತಲ್ಲ, ದುಡಿದವನಿಗೆ ಹೆಸರು ಸಲ್ಲಬೇಕೆಂಬ ಮಾತು.

ಪ್ರಾಣಿಯನ್ನು ಬರೀ ಸಾಮಾನಿನಂತೆ ಕಾಣುವ ಚಾಳಿ ಕೀಟನ್ನನಿಗಂತೂ ಇರಲಿಲ್ಲ. 1925ರ ‘ಗೋ ವೆಸ್ಟ್’ನಲ್ಲಿ ಅವನ ಜೋಡಿ ಒಂದು ಹಸು. ದನಗಳ ಹಿಂಡನ್ನು ಲಾಸ್ ಏಂಜಲೀಸ್ ಬೀದಿಗಳಲ್ಲಿ ನಡೆಸಿ ಯಜಮಾನನ ವ್ಯವಹಾರ ಉಳಿಸಿದ ಮೇಲೆ, ಏನು ಬೇಕೆಂದು ಕೇಳಿದರೆ ಅವನು ಬಯಸುವುದು ಯಜಮಾನನ ಮಗಳನ್ನಲ್ಲ, ಅವಳ ಹಿಂದೆ ನಿಂತ ಆ ಹಸುವನ್ನು. ಅದರ ತುಣುಕನ್ನೂ ನಾಳೆ ಯಾರಾದರೂ ‘ಕೀಟನ್ ಮತ್ತು ಒಂದು ಹಸು’ ಎಂದು ಹಾಕುವುದು ಖಂಡಿತ, ಅದಕ್ಕೇ ಮೊದಲೇ ಹೇಳಿಬಿಡುತ್ತೇನೆ: ಆಕೆಯ ಹೆಸರು ಬ್ರೌನ್ ಐಸ್, ಅಂದರೆ ಕಂದುಗಣ್ಣಿನವಳು.