ಇಳಿಮಾಡಿನ ಟೊಪ್ಪಿ

ಮಳೆಗಾಲದ ಮೊದಲ ದಿನವೇ ನಮ್ಮ ಮನೆಯ ಒಂದು ಇಳಿಮಾಡು ಕುಸಿಯಿತು. ಗೋಡೆಯಾಚೆ ಚಾಚಿಕೊಂಡಿರುವ ಹಂಚಿನ ಸೂರಲ್ಲ. ಅದನ್ನು ಮೇ ತಿಂಗಳಿನಲ್ಲಿಯೇ ಆಳು ಹತ್ತಿಸಿ ಸರಿಮಾಡಿಸಿದ್ದೆವು. ಕುಸಿದದ್ದು ಮಗನ ಹಣೆಯ ಮೇಲಿದ್ದ, ನಾನೇ ಕ್ರೋಶಾ ಕಡ್ಡಿಯಲ್ಲಿ ಹೆಣೆದ, ಮೂರು ವಾರದ ಬೆನ್ನುನೋವಿನ ಫಲವಾದ ನೀಲಿ ಟೊಪ್ಪಿಯ ಇಳಿಮಾಡು. ಸಂಜೆ ಶಾಲೆಯ ವ್ಯಾನಿನಿಂದ ಇಳಿದ ಹುಡುಗನಿಗೆ ಬಾಯಿ ಇತ್ತು, ಗಲ್ಲ ಇತ್ತು, ಅದರ ಮೇಲೆ ಒದ್ದೆ ಬಟ್ಟೆ ಇತ್ತು. ಕಣ್ಣು ಮೂಗುಗಳು ಇದ್ದುವೋ ಇಲ್ಲವೋ, ಟೊಪ್ಪಿ ಎತ್ತಿ ನೋಡಬೇಕಾಯಿತು. ಅಂಗಳದ ಅಡಕೆಮರಕ್ಕೆ ಒಮ್ಮೆ ಹಾಯ್ದು, ಮರದ ಬಳಿ ಕ್ಷಮೆ ಕೇಳಿ, ಮೆಟ್ಟಿಲು ಹತ್ತಿದ.

"ಪೇಟೆಯಲ್ಲಿ ನೂರೈವತ್ತು ರೂಪಾಯಿಗೆ ಒಳ್ಳೆಯದೇ ಸಿಗುತ್ತದೆ" ಎಂದರು ಇವರು, ಪತ್ರಿಕೆಯಿಂದ ತಲೆಯೆತ್ತದೆ. ಈ ಮಾತನ್ನು ಅವರು ಮೊದಲ ಬಾರಿ ಹೇಳಿದ್ದು ನಾನು ನೂಲು ಕೊಂಡುತಂದ ದಿನ. ಆಮೇಲೆ ಎಷ್ಟು ಬಾರಿ ಹೇಳಿದರೆಂಬುದನ್ನು ಎಣಿಸಲಿಲ್ಲ. ಎಣಿಕೆಯ ವಿಷಯದಲ್ಲಿ ನನಗೆ ಬೇರೆಯೇ ಕಷ್ಟವಿತ್ತು, ಅದನ್ನು ಮುಂದೆ ಹೇಳುತ್ತೇನೆ.

ಬೇಸಿಗೆ ರಜೆಯಲ್ಲಿ ಕೊಯ್ಲಾದ ಗದ್ದೆಯಲ್ಲಿ ಮಕ್ಕಳ ಕ್ರಿಕೆಟ್. ನನ್ನ ಮಗ ದಿನಾ ಮೊದಲ ಚೆಂಡಿಗೇ ಔಟಾಗಿ ಬರುತ್ತಿದ್ದ. ಕೇಳಿದರೆ ಕಣ್ಣಿಗೆ ಬಿಸಿಲು ಹೊಡೆಯುತ್ತದೆ ಎನ್ನುತ್ತಿದ್ದ. ಬಿಸಿಲು ಉಳಿದ ಹತ್ತು ಮಕ್ಕಳ ಕಣ್ಣಿಗೆ ಏಕೆ ಹೊಡೆಯುವುದಿಲ್ಲ ಎಂದು ಕೇಳುವವಳು ತಾಯಿಯಲ್ಲ. ಮುಂದೆ ಗಟ್ಟಿಯಾಗಿ ಚಾಚಿಕೊಂಡಿರುವ ಟೊಪ್ಪಿಯೊಂದನ್ನು ಹೆಣೆದುಕೊಡುತ್ತೇನೆ ಎಂದುಬಿಟ್ಟೆ. ಆ ಚಾಚಿಗೆ ಏನೆನ್ನಬೇಕೆಂದು ನಾನೂ ಮಗನೂ ಚರ್ಚಿಸುತ್ತಿದ್ದಾಗ, ಚಾವಡಿಯಲ್ಲಿ ಬತ್ತಿ ಹೊಸೆಯುತ್ತಿದ್ದ ಅತ್ತೆ, "ಅದು ಇಳಿಮಾಡಲ್ಲವೋ?" ಎಂದರು. ಆ ಹೆಸರೇ ನಿಂತಿತು. ಮಾಡು ಮಾತ್ರ ನಿಲ್ಲಲಿಲ್ಲ.

ನೋಡಿದರೆ ತಲೆಯ ಮೇಲಿಡುವ ವಸ್ತುಗಳಿಗೆ ನಮ್ಮ ಕಾಸರಗೋಡಿನಲ್ಲಿ ಬರವಿಲ್ಲ. ಪೇಟೆಗೆ ತಾಗಿಕೊಂಡೇ ಇರುವ ತಳಂಗರೆಯಲ್ಲಿ ಕೈಯಲ್ಲೇ ಕಸೂತಿ ಹಾಕಿದ ಬಿಳಿ ಟೊಪ್ಪಿಗಳು ಕೊಲ್ಲಿ ದೇಶಗಳವರೆಗೆ ಹೋಗಿ ಹೆಸರು ಮಾಡಿವೆ. ತೆಂಕುತಿಟ್ಟಿನ ಯಕ್ಷಗಾನಕ್ಕೆ ಪ್ರಸಂಗಕರ್ತ ಪಾರ್ತಿಸುಬ್ಬನನ್ನು ಕೊಟ್ಟ ಕುಂಬಳೆ ಇಲ್ಲೇ ಇದೆ; ಕಿರೀಟ ಹೊತ್ತು ಬೆಳಗಿನವರೆಗೆ ಕುಣಿದರೂ ಅದರ ಒಂದು ಮಣಿ ಅಲುಗುವುದಿಲ್ಲ. ದೈವದ ವೇಷವಾದ ತೆಯ್ಯಂನ ಕೆಲವು ಮುಡಿಗಳಂತೂ ಮಾಡಿನ ಮೇಲಕ್ಕೇ ಏರುತ್ತವೆ. ಇಷ್ಟೆಲ್ಲ ನೋಡಿ ಬೆಳೆದವಳಿಗೆ ನಾಲ್ಕು ಬೆರಳು ಅಗಲದ ಒಂದು ಇಳಿಮಾಡು ನಿಲ್ಲಿಸಲು ಬರಲಿಲ್ಲ ಎಂದರೆ ಅದು ನೆಲದ ದೋಷವಂತೂ ಅಲ್ಲ.

ಮೊದಲ ಯತ್ನ ಬುಡದಲ್ಲೇ ಕೆಟ್ಟಿತು. ಶಾಲೆಯಲ್ಲಿ ಹೊಲಿಗೆ ಟೀಚರು ನಮಗೆ ಕಲಿಸಿದ್ದು ಇಂಗ್ಲೆಂಡಿನ ಲೆಕ್ಕದ ಕ್ರೋಶಾ. ಮೊಬೈಲಿನಲ್ಲಿ ನಾನು ನೋಡಿದ ವಿಡಿಯೊದ್ದು ಅಮೆರಿಕದ ಲೆಕ್ಕ. ಅವರ 'ಡಬಲ್' ಎಂದರೆ ಎತ್ತರದ ಹೊಲಿಗೆ, ನಮ್ಮ ಟೀಚರ 'ಡಬಲ್' ಎಂದರೆ ಗಿಡ್ಡ ಹೊಲಿಗೆ, ಅಮೆರಿಕದವರು ಅದನ್ನೇ 'ಸಿಂಗಲ್' ಎನ್ನುತ್ತಾರೆ. ಎತ್ತರದ ಹೊಲಿಗೆಯಾದರೆ ಪ್ರತಿ ಸುತ್ತಿನಲ್ಲೂ ಹನ್ನೆರಡು ಹೊಲಿಗೆ ಹೆಚ್ಚಿಸಬೇಕು, ಗಿಡ್ಡದಕ್ಕೆ ಆರು ಸಾಕು. ನಾನು ಗಿಡ್ಡ ಹೊಲಿಗೆ ಹಾಕುತ್ತ ಹನ್ನೆರಡರಂತೆ ಹೆಚ್ಚಿಸುತ್ತ ಹೋದೆ. ಜಾಗ ಸಾಲದ ಹೊಲಿಗೆಗಳು ಮೇಲಕ್ಕೂ ಕೆಳಕ್ಕೂ ಎದ್ದು, ಟೊಪ್ಪಿಯ ನೆತ್ತಿ ಕೋಳಿಜುಟ್ಟಿನ ಹೂವಿನಂತೆ ಸುಕ್ಕುಸುಕ್ಕಾಗಿ ಅರಳಿತು. ಚಂದವಿತ್ತು. ಆದರೆ ತಲೆಗೆ ಇಡುವಂಥದ್ದಲ್ಲ.

ಬಿಚ್ಚಿ ಮತ್ತೆ ಶುರುಮಾಡಿದೆ. ಆರು, ಹನ್ನೆರಡು, ಹದಿನೆಂಟು. ಮಗನ ತಲೆಯ ಸುತ್ತಳತೆ 51 ಸೆಂಟಿಮೀಟರ್. ನನ್ನ ಕೈಯ ಬಿಗಿಗೆ ಹದಿನಾಲ್ಕು ಸುತ್ತು ಮುಗಿದು 84 ಹೊಲಿಗೆಯಾದರೆ ಸರಿ. ಆಮೇಲೆ ಹೆಚ್ಚಿಸದೆ ಸುತ್ತಿದರೆ ಗೋಡೆ ಏಳುತ್ತದೆ. ಇಷ್ಟು ಸುಲಭ. ಎಣಿಸಲು ಬಂದರೆ ಆಯಿತು.

ನಮ್ಮ ಮನೆಯಲ್ಲಿ ಎಣಿಸಲು ಆಗುವುದಿಲ್ಲ. ಅಂಗಳದಲ್ಲಿ ತೆಂಗಿನಕಾಯಿ ಎಣಿಸುವವನು ಮಲಯಾಳದಲ್ಲಿ "ನಾಲ್ಪತ್ತಿಯೊನ್ನ್, ನಾಲ್ಪತ್ತಿರಂಡ್" ಎನ್ನುತ್ತಾನೆ. ತೋಟದಲ್ಲಿ ಅಡಕೆ ಹೆಕ್ಕುವ ಹೆಂಗಸರು ತುಳುವಿನಲ್ಲಿ "ಒಂಜಿ, ರಡ್ಡ್, ಮೂಜಿ" ಎನ್ನುತ್ತಾರೆ. 1956ರ ನವೆಂಬರ್ 1ರಂದು ನಾವು ಕೇರಳಕ್ಕೆ ಸೇರಿದೆವು. ನನ್ನ ಎಣಿಕೆ ಮಾತ್ರ ಇನ್ನೂ ಯಾವ ರಾಜ್ಯಕ್ಕೂ ಸೇರಿಲ್ಲ. ಕನ್ನಡದಲ್ಲಿ ಶುರುವಾದ ಸುತ್ತು ನಲವತ್ತು ದಾಟುವಾಗ ಮಲಯಾಳಕ್ಕೆ ಜಾರಿ, ಕಾಯಿ ಎಣಿಸುವವನು ಎರಡೆರಡಾಗಿ ಎಸೆಯುತ್ತಿದ್ದ ಕಾರಣ ನನ್ನ ಟೊಪ್ಪಿಯಲ್ಲೂ ಒಂದು ಹೊಲಿಗೆಗೆ ಎರಡೆಂದು ಲೆಕ್ಕವಾಗಿ ಹೋಗುತ್ತದೆ.

ಇದನ್ನಾದರೂ ಸಹಿಸಬಹುದು. ಅತ್ತೆಯದು ಬೇರೆಯೇ ಮಟ್ಟದ ಪ್ರತಿಭೆ. ಇಡೀ ಮಧ್ಯಾಹ್ನ ಮೌನವಾಗಿ ಬತ್ತಿ ಹೊಸೆಯುತ್ತ ಕುಳಿತಿರುತ್ತಾರೆ. ನಾನು ಕಡ್ಡಿ ಇಟ್ಟು ಚಾ ಕುಡಿಯುವಾಗ ಒಂದು ಮಾತಿಲ್ಲ. ಮತ್ತೆ ಕೈಗೆತ್ತಿಕೊಂಡು ಎಣಿಕೆ ನಲವತ್ತು ದಾಟಬೇಕು, ಅವರಿಗೆ ಪ್ರಶ್ನೆ ಹುಟ್ಟುತ್ತದೆ. ಅದೂ ಎಂಥ ಪ್ರಶ್ನೆ? ಉತ್ತರ ಅಂಕೆಯಲ್ಲೇ ಇರಬೇಕು ಎಂಬಂಥದ್ದು. "ಕೂಸೇ, ಗಂಟೆ ಎಷ್ಟಾಯಿತು?" "ಕೂಸೇ, ಮೊನ್ನೆ ಕೊಯ್ದ ಕಾಯಿ ಎಷ್ಟು?" "ಕೂಸೇ, ಬದಿಯಡ್ಕಕ್ಕೆ ಈಗ ಬಸ್ಸಿಗೆ ಎಷ್ಟು ಕೊಡಬೇಕು?" ನಲವತ್ತೆರಡಾದ ಸೊಸೆಯನ್ನು ಇನ್ನೂ ಕೂಸೇ ಎನ್ನುವವರ ಮೇಲೆ ಸಿಟ್ಟು ಮಾಡುವುದಾದರೂ ಹೇಗೆ?

ಒಮ್ಮೆ ನಲವತ್ತಮೂರರಲ್ಲಿದ್ದೆ.

"ಕೂಸೇ, ಇಂದು ತಿಥಿ ಯಾವುದು?"

"ಏಕಾದಶಿ ಅತ್ತೆ" ಎಂದೆ. ಕೈ ನಿಲ್ಲಲಿಲ್ಲ, ಬಾಯಿಯೂ ನಿಲ್ಲಲಿಲ್ಲ. ದ್ವಾದಶಿ, ತ್ರಯೋದಶಿ, ಚತುರ್ದಶಿ ಎಂದು ಮೂರು ಹೊಲಿಗೆ ಹಾಕಿದ ಮೇಲೆ, ಮುಂದಿನದು ಹುಣ್ಣಿಮೆಯೋ ಅಮಾವಾಸ್ಯೆಯೋ ಎಂದು ತಿಳಿಯದೆ ನಿಂತೆ.

ಎಣಿಕೆ ತಪ್ಪದಂತೆ ಸುತ್ತಿನ ಆರಂಭಕ್ಕೆ ಒಂದು ಪಿನ್ನು ಚುಚ್ಚಿದೆ. ಕಾಯಿ ಎಣಿಸುವಾಗ ನೂರಕ್ಕೊಂದನ್ನು ಬದಿಗಿಡುವುದಿಲ್ಲವೇ, ಹಾಗೆ. ಮರುದಿನ ನೋಡಿದರೆ ಪಿನ್ನು ಅತ್ತೆಯ ಸೀರೆಯ ಸೆರಗಿನಲ್ಲಿತ್ತು. "ಎಲ್ಲಿಯೋ ಸಿಕ್ಕಿಹಾಕಿಕೊಂಡಿತ್ತು, ತೆಗೆದೆ. ಮಗುವಿಗೆ ಚುಚ್ಚೀತು" ಎಂದರು. ಸರಿಯಾದ ಮಾತೇ. ಅದಕ್ಕೆ ಉತ್ತರವಿಲ್ಲದ್ದೇ ನನ್ನ ಸಂಕಟ.

ಹದಿನಾಲ್ಕನೆಯ ಸುತ್ತು, ಅಂದರೆ ನೆತ್ತಿಯ ಕೊನೆಯ ಸುತ್ತು. ಕೊಟ್ಟಿಗೆಯ ಬದಿಯ ಮೆಟ್ಟಿಲಲ್ಲಿ, ಯಾರ ಕಣ್ಣಿಗೂ ಬೀಳದಂತೆ ಕುಳಿತಿದ್ದೆ. ಐವತ್ತೊಂಬತ್ತು, ಅರುವತ್ತು, ಅರುವತ್ತೊಂದು. ಹಿಂದಿನಿಂದ ಮೆಲ್ಲನೆ ಒಂದು ಸ್ವರ: "ಕೂಸೇ, ನನಗೀಗ ಎಷ್ಟಾಯಿತು?"

"ಎಂಬತ್ತನಾಲ್ಕು" ಎಂದೆ.

ಎಂಬತ್ತನಾಲ್ಕು! ಸುತ್ತು ಮುಗಿಯಿತು! ಸಂತೋಷದಿಂದ ಮುಂದಿನ ಸುತ್ತಿಗೆ ದಾಟಿಬಿಟ್ಟೆ. ಗೋಡೆ ಆರು ಸುತ್ತು ಎದ್ದ ಮೇಲೆ, ಟೊಪ್ಪಿ ಒಂದು ಬದಿಗೆ ಏಕೆ ವಾಲುತ್ತಿದೆ ಎಂದು ನೋಡಿದರೆ, ಅತ್ತೆಯ ವಯಸ್ಸಿನಿಂದಾಗಿ ನನ್ನ ಎರಡು ಹೆಚ್ಚಳ ತಪ್ಪಿ 82ಕ್ಕೇ ನಿಂತಿತ್ತು. ಬಿಚ್ಚಿದೆ. ಬಿಚ್ಚುವಾಗ ಅತ್ತೆ ಪಕ್ಕದಲ್ಲೇ ಕುಳಿತು ನೂಲನ್ನು ಉಂಡೆ ಸುತ್ತಿಕೊಟ್ಟರು. ಆಗ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ.

ಅಂತೂ ನೆತ್ತಿಯಾಯಿತು, ಗೋಡೆಯಾಯಿತು, ಮುಂದಿನ 28 ಹೊಲಿಗೆಗೆ ಎರಡು ಪದರದ ಇಳಿಮಾಡೂ ಆಯಿತು. ಅದನ್ನು ಗಟ್ಟಿ ಮಾಡುವ ಕೆಲಸ ಉಳಿಯಿತು. ಹತ್ತಿಯ ನೂಲು ಎಷ್ಟು ಬಿಗಿಯಾಗಿ ಹೆಣೆದರೂ ತಾನಾಗಿ ನಿಲ್ಲುವುದಿಲ್ಲ.

ಗಂಜಿಯ ತೆಳಿಗೆ ನಮ್ಮಲ್ಲಿ ಕೊರತೆಯಿಲ್ಲವೆಂದು ಅದರಲ್ಲಿ ಅದ್ದಿ ಒಣಗಿಸಿದೆ. ಕುಚ್ಚಲಕ್ಕಿಯ ತೆಳಿ ನೀಲಿಯನ್ನು ಮಣ್ಣುಬಣ್ಣ ಮಾಡಿತು. ಆದರೂ ನಿಂತಿತು, ನಿಜವಾಗಿ ನಿಂತಿತು. ಆ ತೆಳಿ ದಿನವೂ ತನ್ನ ಪಾಲಿನದ್ದಲ್ಲವೇ ಎಂದು ತಿಳಿದುಕೊಂಡ ಕರು, ಹಗ್ಗ ಬಿಚ್ಚಿಕೊಂಡು ಬಂದು ಒಣಹಾಕಿದ ಟೊಪ್ಪಿಯನ್ನು ಕಣ್ಣುಮುಚ್ಚಿ ಚೀಪುತ್ತಿತ್ತು. ನನ್ನ ಕೈಕೆಲಸವನ್ನು ಮನೆಯಲ್ಲಿ ಮೊದಲು ಮೆಚ್ಚಿದ ಜೀವ ಅದು.

ಸಕ್ಕರೆ ಪಾಕದಲ್ಲಿ ಅದ್ದಿದರೆ ಲೇಸು ಕೂಡ ಹಲಗೆಯಂತೆ ನಿಲ್ಲುತ್ತದೆ ಎಂದು ವಿಡಿಯೊದ ಹೆಂಗಸು ಹೇಳಿದಳು. ಅವಳ ಊರಿನಲ್ಲಿ ಇರುವೆಗಳಿಲ್ಲದಿರಬಹುದು. ಹೆಚ್ಚು ಹೇಳುವುದಿಲ್ಲ.

ಆಮೇಲೆ ಮದುವೆಯ ಕಾಗದ. ಈಗಿನ ಆಮಂತ್ರಣಗಳು ಏನಕ್ಕೆ ಆ ದಪ್ಪ ಇರುತ್ತವೆ ಎಂದು ನನಗೆ ಅಂದು ಹೊಳೆಯಿತು. ದೂರದ ನೆಂಟರೊಬ್ಬರ ಮಗಳ ಮದುವೆಯದ್ದನ್ನು ಅರ್ಧಚಂದ್ರವಾಗಿ ಕತ್ತರಿಸಿ ಎರಡು ಪದರಗಳ ನಡುವೆ ಸೇರಿಸಿ ಹೊಲಿದೆ. ಎರಡು ದಿನ ಚೆನ್ನಾಗಿತ್ತು. ಮೂರನೆಯ ದಿನ ಆ ನೆಂಟರೇ ಬಂದರು. ಮಗು ಆಟದ ಬೆವರಲ್ಲಿ ತೊಯ್ದು ಬಂದು ನಮಸ್ಕಾರ ಮಾಡಲು ಬಗ್ಗಿದಾಗ, ಒದ್ದೆಯಾದ ನೂಲಿನ ಕಣ್ಣುಗಳ ಎಡೆಯಿಂದ ಬಂಗಾರದ ಅಕ್ಷರಗಳು ಹೊಳೆದುವು. ಅವರು ಕನ್ನಡಕ ಹಾಕಿಕೊಂಡು ಓದತೊಡಗಿದರು. "ಚಿ. ಸೌ." ವರೆಗೆ ಓದಿ ನನ್ನ ಕಡೆ ನೋಡಿದರು. ನಾನು ಚಾ ತರಲು ಒಳಗೆ ಹೋದೆ, ಸಕ್ಕರೆ ಹುಡುಕಲು ಬಹಳ ಹೊತ್ತು ಬೇಕಾಯಿತು.

ಆ ರಾತ್ರಿ ಅತ್ತೆ ಟೊಪ್ಪಿಯನ್ನು ಕೇಳಿ ತೆಗೆದುಕೊಂಡರು. ಕಾಗದದ ಚೂರುಗಳನ್ನೆಲ್ಲ ಕಿತ್ತು ತೆಗೆದರು. ಮರುದಿನ ಬೆಳಗ್ಗೆ ತೋಟದಿಂದ ಒಂದು ಅಡಕೆ ಹಾಳೆ, ಅಂದರೆ ಸೋಗೆಯ ಬುಡದ ಅಗಲ ಪಟ್ಟೆ, ತಂದು ನೀರಲ್ಲಿ ನೆನೆಹಾಕಿದರು. ಮೆತ್ತಗಾದ ಮೇಲೆ ಅಳತೆಗೆ ಕತ್ತರಿಸಿ, ಕಂಚಿನ ಚೆಂಬಿನ ಹೊಟ್ಟೆಗೆ ಬಗ್ಗಿಸಿ ಕಟ್ಟಿ, ಒಲೆಯ ಬದಿಯಲ್ಲಿ ಇಟ್ಟರು. ಒಣಗಿದಾಗ ಅದು ಚೆಂಬಿನ ಬಳುಕಿನಲ್ಲಿಯೇ ಗಟ್ಟಿಯಾಗಿ ನಿಂತಿತ್ತು, ಬೆರಳಿನಿಂದ ಬಡಿದರೆ ಟಕ್ ಎನ್ನುತ್ತಿತ್ತು.

"ಇದನ್ನು ಮೊದಲೇ ಹೇಳಬಾರದಿತ್ತೇ ಅತ್ತೆ?"

"ನೀನು ಕೇಳಲಿಲ್ಲವಲ್ಲ."

ಮೂರು ವಾರ ನೂರು ಪ್ರಶ್ನೆ ಕೇಳಿದವರು ಅವರು. ನಾನು ಒಂದೂ ಕೇಳಿರಲಿಲ್ಲ.

ಮಾವ ಇದ್ದಾಗ ಅವರ ಮುಟ್ಟಾಳೆ, ಅಂದರೆ ಹಾಳೆಯ ಟೊಪ್ಪಿ, ಮಾಡುತ್ತಿದ್ದದ್ದು ಅತ್ತೆಯೇ. ಅಡಕೆಗೆ ಮದ್ದು ಬಿಡುವ ದಿನಗಳಲ್ಲಿ ಅದನ್ನು ತಲೆಗೆ ಇಟ್ಟುಕೊಂಡು ಹೋದರೆ ಸಂಜೆಗೆ ಮೈಲುತುತ್ತಿನ ಹನಿಗಳು ಬಿದ್ದು ನೀಲಿನೀಲಿ. ಕೊನೆಯದು ಈಗಲೂ ಅಟ್ಟದ ಮೊಳೆಯಲ್ಲಿ ತೂಗುತ್ತಿದೆ. ಅದನ್ನು ಇಡುವ ತಲೆ ಮನೆಯಲ್ಲಿಲ್ಲ. ಇವರು ತೋಟಕ್ಕೆ ಹೋಗುವುದು ಬ್ಯಾಂಕು ಉಚಿತವಾಗಿ ಕೊಟ್ಟ ಟೊಪ್ಪಿ ಇಟ್ಟುಕೊಂಡು. ಹಾಳೆಗಳು ತಟ್ಟೆ ಮಾಡುವವರಿಗೆ ಮಾರಾಟವಾಗುತ್ತವೆ. ಅತ್ತೆ ನನ್ನ ನೀಲಿ ಟೊಪ್ಪಿಗೆ ಹಾಳೆ ಸೇರಿಸಿ ಹೊಲಿದು, ಮೊಮ್ಮಗನ ತಲೆಗೆ ಇಟ್ಟು, ಸ್ವಲ್ಪ ಹಿಂದೆ ಸರಿದು ನೋಡಿದರು. ಎಷ್ಟು ಹೊತ್ತು ನೋಡಿದರೆಂದರೆ ಹುಡುಗನೇ ನಾಚಿ ಓಡಿಹೋದ.

ಆದರೆ ನೆನೆದರೆ ಮೆತ್ತಗಾಗುವುದು, ಒಣಗಿದರೆ ಗಟ್ಟಿಯಾಗುವುದು ಹಾಳೆಯ ಗುಣ. ಕೇರಳದಲ್ಲಿ ಶಾಲೆಯೂ ಮಳೆಯೂ ಜೂನ್ 1ರ ಸುಮಾರಿಗೇ ಒಟ್ಟಿಗೆ ಬಾಗಿಲು ತೆರೆಯುತ್ತವೆ. ಬಿಸಿಲಿಗೆಂದು ಶುರುವಾದ ಟೊಪ್ಪಿ ಮುಗಿದದ್ದು ಮೇ 30ಕ್ಕೆ. ಗೆಳೆಯರಿಗೆ ತೋರಿಸಲೇಬೇಕೆಂದು ಹಟಮಾಡಿ ಇಟ್ಟುಕೊಂಡು ಹೋದ. ಮುಂದಿನದನ್ನು ಆಗಲೇ ಹೇಳಿದ್ದೇನೆ.

ಈಗ ರಾತ್ರಿ ಒಂಬತ್ತಾಗಿದೆ. ಹೊರಗೆ ಮಳೆ ಹಂಚಿನ ಮೇಲೆ ಒಂದೇ ಸಮನೆ ಬಡಿಯುತ್ತಿದೆ. ನಾಳೆಯೂ ಅದೇ ಟೊಪ್ಪಿ ಬೇಕೆಂದು ಅತ್ತು ಮಗ ಮಲಗಿದ್ದಾನೆ. ಪೇಟೆಯ ನೂರೈವತ್ತರದು ಬೇಡವಂತೆ. ಇದನ್ನು ನಾನು ಇವರಿಗೆ ಎರಡು ಬಾರಿ ಕೇಳಿಸುವಂತೆ ಹೇಳಿದೆ. ಟೊಪ್ಪಿಯ ಇಳಿಮಾಡು ಮತ್ತೆ ಚೆಂಬಿನ ಹೊಟ್ಟೆಗೆ ಕಟ್ಟಿಸಿಕೊಂಡು ಒಲೆಯ ಬದಿಯಲ್ಲಿ ಕುಳಿತಿದೆ. ಅದರ ಎದುರು ಮಣೆ ಹಾಕಿಕೊಂಡು ಅತ್ತೆ.

"ಕೂಸೇ, ಬೆಳಗ್ಗೆ ವ್ಯಾನು ಬರುವುದು ಎಷ್ಟಕ್ಕೆ?"

"ಎಂಟೂವರೆಗೆ."

"ಹಾಗಾದರೆ ಒಲೆಗೆ ಇನ್ನೊಂದು ಗೆರಟೆ ಹಾಕು."