ಬಾಯಿ ಒಬ್ಬನದು, ದನಿ ಇನ್ನೊಬ್ಬನದು

ಅಕ್ಕನ ಮಗಳ ಮದುವೆಯ ವಿಡಿಯೊ ಮೊನ್ನೆ ಪೆನ್‌ಡ್ರೈವಿನಲ್ಲಿ ಬಂತು. ಆರತಕ್ಷತೆಯಲ್ಲಿ ನಾನು ಮೈಕ್ ಹಿಡಿದು ನಾಲ್ಕು ಮಾತಾಡಿದ್ದೆ. ಮೂರು ದಿನ ಬಚ್ಚಲಲ್ಲಿ ನಿಂತು ಉರು ಹೊಡೆದ ಮಾತು. ವಿಡಿಯೊದವನು ಅದನ್ನಷ್ಟೂ ಅಳಿಸಿ ಮೇಲೊಂದು ಸಿನಿಮಾ ಹಾಡು ಹಾಕಿದ್ದಾನೆ. ನಾನು ಮೀನಿನ ಹಾಗೆ ಬಾಯಿ ಬಿಡುತ್ತೇನೆ, ಹೆಂಗಸಿನ ದನಿಯಲ್ಲಿ ವಿರಹಗೀತೆ ಬರುತ್ತದೆ. "ಚೆನ್ನಾಗೇ ಕಾಣ್ತೀಯಲ್ಲ ಮಾಮ" ಅಂದಳು ಮದುಮಗಳು. ಕಾಣೋದಕ್ಕೇನಮ್ಮ, ಗೋಡೆಗೆ ತೂಗುಹಾಕಿದ ಫೋಟೊನೂ ಕಾಣುತ್ತೆ.

ಆಗ ನೆನಪಾದವನು ಜರ್ಮನ್ ನಟ ಗೆರ್ಟ್ ಫ್ರೋಬೆ. 1964ರ ಜೇಮ್ಸ್ ಬಾಂಡ್ ಚಿತ್ರ 'ಗೋಲ್ಡ್‌ಫಿಂಗರ್' ನೋಡಿದವರಿಗೆ ಆ ದಪ್ಪ ಕತ್ತು, ಕೆಂಚು ಕೂದಲು ಮರೆಯುವಂಥದ್ದಲ್ಲ. ಬಾಂಡ್‌ನನ್ನು ಮೇಜಿಗೆ ಕಟ್ಟಿ ಲೇಸರ್ ಬಿಟ್ಟವನು. ಆದರೆ ಆ ಗತ್ತಿನ ಇಂಗ್ಲಿಷ್ ಅವನದಲ್ಲ. ಫ್ರೋಬೆಗೆ ಇಂಗ್ಲಿಷ್ ಅಷ್ಟಕ್ಕಷ್ಟೆ. ಅರ್ಥ ಬಿಟ್ಟು ಬರೀ ಉಚ್ಚಾರ ಬಾಯಿಪಾಠ ಮಾಡಿಕೊಂಡು ಎಳೆದೆಳೆದು ಒಪ್ಪಿಸುತ್ತಿದ್ದನಂತೆ. ಬೇಗ ಬೇಗ ಹೇಳಪ್ಪ ಅಂದ ನಿರ್ದೇಶಕ ಗೈ ಹ್ಯಾಮಿಲ್ಟನ್. ಬೇರೆಯವರು ದನಿ ಕೂಡಿಸುವಾಗ ತುಟಿ ಹೊಂದಬೇಕಲ್ಲ! ಆ ಬೇರೆಯವನು ಮೈಕೆಲ್ ಕಾಲಿನ್ಸ್ ಎಂಬ ಇಂಗ್ಲಿಷ್ ನಟ. ಊರೆಲ್ಲ ಅನುಕರಿಸಿದ ದನಿ ಆತನದು. ಆತನನ್ನು ಬೀದಿಯಲ್ಲಿ ಯಾರಾದರೂ ಗುರುತು ಹಿಡಿದಿದ್ದರೆ ಕೇಳಿ. ಜರ್ಮನ್ ಅವತರಣಿಕೆಗೆ ಮಾತ್ರ ಫ್ರೋಬೆ ತಾನೇ ಮಾತಾಡಿದ. ಪುಣ್ಯಾತ್ಮ, ಒಂದು ಭಾಷೆಯಲ್ಲಾದರೂ ಅವನ ಬಾಯಿ ಅವನಿಗೇ ಸಿಕ್ಕಿತು. ನನಗೆ ಅದೂ ಇಲ್ಲ.

ದನಿ ಹೋಗಲಿ, ಅವನ ಮೈಯೂ ಒಂದೇ ಇರಲಿಲ್ಲ. ಹುಟ್ಟಿದ್ದು 1913ರಲ್ಲಿ, ಜರ್ಮನಿಯ ತ್ಸ್ವಿಕಾವ್ ಊರಿನ ಹತ್ತಿರ. ಮೊದಲು ಪಿಟೀಲು, ಆಮೇಲೆ ನಾಟಕದ ಪರದೆಗೆ ಬಣ್ಣ ಬಳಿಯುವ ಕೆಲಸ, ಕೊನೆಗೆ ನಟನೆ. 1948ರ 'ಬೆರ್ಲಿನರ್ ಬಲ್ಲಾಡೆ' ಚಿತ್ರದಲ್ಲಿ ಯುದ್ಧ ಮುಗಿಸಿ ಪಾಳುಬಿದ್ದ ಬರ್ಲಿನ್‌ಗೆ ಬರುವ ಒಟ್ಟೊ ಆಗಿದ್ದಾನೆ. ಕೋಟು ಮೊಳೆಗೆ ನೇತುಹಾಕಿದಂತೆ, ಒಳಗೆ ಮನುಷ್ಯನಿದ್ದಾನೋ ಇಲ್ಲವೋ ಎಂಬಷ್ಟು ಸಣಕಲ. ಒಟ್ಟೊನ ಅಡ್ಡಹೆಸರು 'ನಾರ್ಮಲ್‌ಫೆರ್‌ಬ್ರಾವ್ಖರ್', ರೇಷನ್ ಕಾರ್ಡಿನ ಭಾಷೆಯಲ್ಲಿ ಸಾಮಾನ್ಯ ಬಳಕೆದಾರ. ಜರ್ಮನ್ನರು ಶ್ರೀಸಾಮಾನ್ಯನಿಗೆ ಇವತ್ತಿಗೂ ಅದೇ ಹೆಸರಿಟ್ಟಿದ್ದಾರೆ. ಹದಿನಾರು ವರ್ಷದಲ್ಲಿ ಆ ಕಡ್ಡಿ ಪೈಲ್ವಾನ್ ಚಿನ್ನದ ಗಟ್ಟಿಯ ಹಾಗೆ ಊದಿಕೊಂಡ. ನನ್ನ ಮದುವೆಯ ಫೋಟೊ ಪಕ್ಕ ಈ ವಿಡಿಯೊ ಇಟ್ಟರೆ ನಾನೂ ಸ್ವಲ್ಪ ಅದೇ ಜಾತಿ, ಇರಲಿ.

ಫ್ರೋಬೆ ಹದಿಹರೆಯದಲ್ಲಿ ನಾಜಿ ಪಕ್ಷ ಸೇರಿ 1937ರಲ್ಲಿ ಬಿಟ್ಟಿದ್ದ. ಆ ಸುದ್ದಿ ಹೊರಬಿದ್ದಾಗ ಇಸ್ರೇಲಿನಲ್ಲಿ ಅವನ ಚಿತ್ರಗಳಿಗೆ ನಿಷೇಧ ಬಿತ್ತು. ಆಮೇಲೆ ಯಹೂದಿಯೊಬ್ಬ ಮುಂದೆ ಬಂದು, ಯುದ್ಧದ ಕಾಲದಲ್ಲಿ ನನ್ನನ್ನೂ ನನ್ನ ತಾಯಿಯನ್ನೂ ಬಚ್ಚಿಟ್ಟು ಕಾಪಾಡಿದವನು ಇವನೇ ಎಂದ. ನಿಷೇಧ ಹೋಯಿತು. ಅಲ್ಲೂ ನೋಡಿ, ಇವನ ಪರವಾಗಿ ಮಾತಾಡಿದ್ದು ಇನ್ನೊಬ್ಬನ ಬಾಯಿ. ಅಂಥ ಬಾಯಿ ಎಲ್ಲರಿಗೂ ಸಿಗುವುದಿಲ್ಲ. ನನಗೆ ಸಿಕ್ಕಿದ್ದು ವಿರಹಗೀತೆ.

ನಿನ್ನೆ ರಾತ್ರಿ ವಿಡಿಯೊದ ದನಿ ಪೂರ್ತಿ ತಗ್ಗಿಸಿ, ನನ್ನ ತುಟಿ ನೋಡಿಕೊಂಡು ಭಾಷಣ ಬರೆದುಕೊಳ್ಳಲು ಕೂತೆ. ನಾಲ್ಕು ಸಲ ಹಿಂದೆ ಮುಂದೆ ಓಡಿಸಿದ ಮೇಲೆ ಒಂದೇ ಮಾತು ಸ್ಪಷ್ಟವಾಗಿ ಸಿಕ್ಕಿತು: "ಎಲ್ಲರೂ ಊಟ ಮಾಡ್ಕೊಂಡೇ ಹೋಗಬೇಕು."